ದೇವಾಪುರದ ಚಕ್ರವರ್ತಿ, ಶಿಲುಬೆಯ ಅರಸರು

ಕ್ರಿಸ್ತರಾಜರ ಮಹೋತ್ಸವ: ಒಂದು ಚಾರಿತ್ರಿಕ ಚಿಂತನೆ
(ಮನನಕ್ಕಾಗಿ: ಲೂಕ 23:35-43, ಯೊವಾನ್ನ 21:18, ಫಿಲಿಪ್ಪಿ 2:5-11)



ದೈವಾರಾಧನಾ ವರ್ಷದ ಕೊನೆಯ ಭಾನುವಾರ ನಾವು ಕ್ರಿಸ್ತರಾಜರ ಮಹೋತ್ಸವವನ್ನು ಆಚರಿಸುತ್ತೇವೆ. ಅರಸ ಎಂದ ಕೂಡಲೇ ನಮ್ಮ ಕಣ್ಣ ಮುಂದೆ ಬರುವುದು ಕೋಟೆ, ಆನೆ, ಕುದುರೆ, ಛತ್ರ, ಚಾಮರ ಮತ್ತು ಕೈಯಲ್ಲೊಂದು ಖಡ್ಗ. ಆದರೆ ಸಂತ ಲೂಕನು ತೋರಿಸುವ ಅರಸರ ಎರಡೂ ಕೈಗಳಿಗೆ ಮೊಳೆ ಹೊಡೆದಿದ್ದಾರೆ. ಆ ಕೈಗಳು ಖಡ್ಗವನ್ನೂ ಹಿಡಿಯಲಾರವು, ರಾಜದಂಡವನ್ನೂ ಹಿಡಿಯಲಾರವು. ಆದರೂ ಪಕ್ಕದಲ್ಲಿ ತೂಗುತ್ತಿದ್ದ ಒಬ್ಬ ಕಳ್ಳನಿಗೆ ಸ್ವರ್ಗದ ಬಾಗಿಲನ್ನು ತೆರೆದದ್ದು ಅವೇ ಕೈಗಳು.

ಏನನ್ನೂ ಹಿಡಿಯದ ಕೈ ಇಷ್ಟೊಂದು ಕೊಡುವುದು ಹೇಗೆ? ಎಲ್ಲವನ್ನೂ ಹಿಡಿದ ಕೈಗೆ ಕೊನೆಯಲ್ಲಿ ಉಳಿಯುವುದೇನು? ಇದನ್ನು ತಿಳಿಯಲು ಕಲ್ವಾರಿ ಬೆಟ್ಟಕ್ಕೆ ಹೋಗುವ ಮೊದಲು ನಮ್ಮ ಯಾದಗಿರಿ ಜಿಲ್ಲೆಯ ಸುರಪುರ ಸೀಮೆಗೆ ಒಮ್ಮೆ ಹೋಗಿ ಬರೋಣ. ಕೃಷ್ಣಾ ನದಿಯ ಕಡೆಗೆ, ವಾಗಣಗೇರಾ ಕೋಟೆಯಿಂದ ದಕ್ಷಿಣಕ್ಕೆ ಸುಮಾರು ಎಂಟು ಮೈಲಿ ದೂರದಲ್ಲಿ ದೇವಾಪುರ ಎಂಬ ಊರಿದೆ. 1705ರಲ್ಲಿ ಅಂದಿನ ಭಾರತದ ಅತಿ ಬಲಿಷ್ಠ ಚಕ್ರವರ್ತಿ ಔರಂಗಜೇಬನು ಈ ಊರಿನ ಬಯಲಿನಲ್ಲಿ ಸುಮಾರು ಆರು ತಿಂಗಳು ಬೀಡುಬಿಟ್ಟಿದ್ದ.

ಹಿಡಿಯುತ್ತಲೇ ಹೋದ ಕೈ

ಔರಂಗಜೇಬನು ಹುಟ್ಟಿದ್ದು 1618ರಲ್ಲಿ. 1658ರಲ್ಲಿ ಅವನು ತಂದೆ ಷಹಜಹಾನನನ್ನು ಆಗ್ರಾ ಕೋಟೆಯಲ್ಲಿ ಬಂಧಿಸಿ ಸಿಂಹಾಸನವನ್ನು ಹಿಡಿದ. ತಂದೆ ಎಂಟು ವರ್ಷ ಅಲ್ಲೇ ಇದ್ದು 1666ರಲ್ಲಿ ತೀರಿಕೊಂಡ. ಅಣ್ಣ ದಾರಾ ಮತ್ತು ತಮ್ಮ ಮುರಾದ್ ಇಬ್ಬರನ್ನೂ ಕೊಲ್ಲಿಸಲಾಯಿತು. ಇನ್ನೊಬ್ಬ ಅಣ್ಣ ಷೂಜಾ ದೇಶ ಬಿಟ್ಟು ಅರಾಕಾನಿಗೆ ಓಡಿಹೋದ.

ಹೀಗೆ ಹಿಡಿದದ್ದನ್ನು ಉಳಿಸಿಕೊಳ್ಳಲು ಜೀವನವಿಡೀ ಕಾವಲು ಕಾಯಬೇಕಾಯಿತು. ತಾನು ತಂದೆಗೆ ಮಾಡಿದ್ದನ್ನು ಮಕ್ಕಳು ತನಗೆ ಮಾಡಿಯಾರು ಎಂಬ ಭಯ ಅವನನ್ನು ಬಿಡಲಿಲ್ಲ. ಹಿರಿಯ ಮಗ ಮಹಮ್ಮದ್ ಸುಲ್ತಾನ್ ಸೆರೆಯಲ್ಲೇ ತೀರಿಕೊಂಡ. ಎರಡನೆಯ ಮಗ ಮುಅಜ್ಜಮ್ ಕೆಲವು ವರ್ಷ ಸೆರೆಯಲ್ಲಿದ್ದ. ಇನ್ನೊಬ್ಬ ಮಗ ಅಕ್ಬರ್ 1681ರಲ್ಲಿ ದಂಗೆಯೆದ್ದು ಕೊನೆಗೆ ಪರ್ಷಿಯಾ ದೇಶವನ್ನು ಸೇರಿದ. ಆ ತಮ್ಮನಿಗೆ ಪತ್ರ ಬರೆದಳೆಂದು ಕವಯಿತ್ರಿಯಾಗಿದ್ದ ಮಗಳು ಜೇಬುನ್ನಿಸಾಳನ್ನು ದೆಹಲಿಯ ಸಲೀಂಗಢದಲ್ಲಿ ಇಡಲಾಯಿತು. 1702ರಲ್ಲಿ ಆಕೆ ತೀರಿಕೊಂಡಾಗಲೂ ಅವಳಿಗೆ ಬಿಡುಗಡೆಯಾಗಿರಲಿಲ್ಲ.

1681ರ ಕೊನೆಯಲ್ಲಿ ಚಕ್ರವರ್ತಿ ದಖ್ಖನ್ನಿಗೆ ಬಂದ. ದೆಹಲಿಯನ್ನು ಅವನು ಮತ್ತೆ ನೋಡಲೇ ಇಲ್ಲ. 1686ರಲ್ಲಿ ವಿಜಾಪುರವನ್ನೂ 1687ರಲ್ಲಿ ಗೋಲ್ಕೊಂಡವನ್ನೂ ಗೆದ್ದ. 1689ರಲ್ಲಿ ಮರಾಠರ ಅರಸ ಸಂಭಾಜಿಯನ್ನು ಕೊಲ್ಲಿಸಿದ. ನಕಾಶೆಯಲ್ಲಿ ನೋಡಿದರೆ ಮೊಘಲ್ ಸಾಮ್ರಾಜ್ಯ ಅಷ್ಟು ದೊಡ್ಡದಾಗಿ ಹಿಂದೆಂದೂ ಇರಲಿಲ್ಲ. ಆದರೆ ಇಂದು ಗೆದ್ದ ಕೋಟೆ ನಾಳೆ ಕೈಬಿಡುತ್ತಿತ್ತು. ಒಂದು ಕಡೆ ಅದುಮಿದರೆ ಇನ್ನೊಂದು ಕಡೆ ಏಳುತ್ತಿತ್ತು.

1695ರಲ್ಲಿ ನೇಪಲ್ಸ್ ಕಡೆಯ ಜೆಮೆಲ್ಲಿ ಕರೇರಿ ಎಂಬ ಕಥೋಲಿಕ ಪ್ರವಾಸಿ ಕೃಷ್ಣಾ ತೀರದ ಗಲಗಲಿಯಲ್ಲಿ ಈ ಚಕ್ರವರ್ತಿಯನ್ನು ಕಂಡ. ಪಾಳೆಯದ ಸುತ್ತಳತೆ 30 ಮೈಲಿ, ಒಳಗಿದ್ದ ಜನ ಐದು ಲಕ್ಷ ಎಂದು ಅವನು ಬರೆದಿದ್ದಾನೆ. ಬಿಳಿ ಗಡ್ಡದ, ಬೆನ್ನು ಬಾಗಿದ ಮುದುಕ ಚಕ್ರವರ್ತಿ ಕನ್ನಡಕವೂ ಇಲ್ಲದೆ ಪ್ರತಿಯೊಂದು ಅರ್ಜಿಯ ಮೇಲೂ ತಾನೇ ಬರೆಯುತ್ತಿದ್ದನಂತೆ. ಅದೇ ಪಾಳೆಯದಲ್ಲಿದ್ದ ಕ್ರೈಸ್ತ ಸೈನಿಕರಿಗಾಗಿ ಮಣ್ಣಿನ ಗೋಡೆಯ ಚಿಕ್ಕದೊಂದು ದೇವಾಲಯವಿತ್ತು, ಗೋವಾ ಕಡೆಯ ಇಬ್ಬರು ಗುರುಗಳು ಅಲ್ಲಿ ಪೂಜೆ ಅರ್ಪಿಸುತ್ತಿದ್ದರು ಎಂದೂ ಅವನು ತಿಳಿಸುತ್ತಾನೆ.

ಇಲ್ಲಿ ಒಂದು ಮಾತು ಹೇಳಲೇಬೇಕು. ಈ ಕಥೆಯಿಂದ ಯಾವ ಧರ್ಮವನ್ನೂ ತೂಗಿ ನೋಡುವ ಕೆಲಸ ನಮ್ಮದಲ್ಲ. ಔರಂಗಜೇಬನು ತನ್ನ ಖಾಸಗಿ ಜೀವನದಲ್ಲಿ ಸರಳನಾಗಿದ್ದ, ನಮಾಜು ತಪ್ಪಿಸುತ್ತಿರಲಿಲ್ಲ. ಎಲ್ಲವೂ ನನ್ನ ಹಿಡಿತದಲ್ಲೇ ಇರಬೇಕು ಎಂಬ ರೋಗ ಕಥೋಲಿಕ ಅರಸರನ್ನೂ ಬಿಟ್ಟಿಲ್ಲ, ನಮ್ಮನ್ನೂ ಬಿಟ್ಟಿಲ್ಲ. ಅದಕ್ಕೇ ಈ ಕಥೆ ನಮಗೆ ಬೇಕು.

ವಾಗಣಗೇರಾದ ಖಾಲಿ ಕೋಟೆ

1705ರ ಫೆಬ್ರವರಿ 8ರಂದು ಮೊಘಲ್ ಸೈನ್ಯ ವಾಗಣಗೇರಾದ ಮುಂದೆ ಬಂದು ನಿಂತಿತು. ಅಲ್ಲಿ ಆಳುತ್ತಿದ್ದವನು ಬೇಡರ ನಾಯಕ ಪಿಡ್ಡನಾಯಕ. ಒಂದು ಚಿಕ್ಕ ಸಂಸ್ಥಾನವನ್ನು ಹಿಡಿಯಲು ದೆಹಲಿಯ ಚಕ್ರವರ್ತಿಯೇ 86ನೆಯ ವಯಸ್ಸಿನಲ್ಲಿ ಖುದ್ದಾಗಿ ಬಂದಿದ್ದ. ಮುತ್ತಿಗೆ ಎರಡೂವರೆ ತಿಂಗಳು ನಡೆಯಿತು. ಬೇಡರ ಗುರಿ ಎಷ್ಟು ನಿಖರವೆಂಬುದನ್ನು ಮೊಘಲರು ಕಂಡರು. ಮರಾಠ ಸವಾರರು ಹೊರಗಿನಿಂದ ಬೇಡರ ನೆರವಿಗೆ ಬಂದರು. ಸಂಧಾನದ ಮಾತುಗಳು ನಡೆದು ಮುರಿದುಬಿದ್ದವು. ಕೊನೆಗೆ ಝುಲ್ಫಿಕಾರ್ ಖಾನನ ದಂಡು ಬಂದು ಸೇರಿದ ಮೇಲೆ ಕೋಟೆ ಇನ್ನು ಉಳಿಯದು ಎಂಬುದು ಪಿಡ್ಡನಾಯಕನಿಗೆ ಖಚಿತವಾಯಿತು.

ಆಗ ಅವನು ಏನು ಮಾಡಿದ? ತನ್ನ ಜನರನ್ನು ಕರೆದುಕೊಂಡು ರಾತ್ರಿಯಲ್ಲಿ ಕೋಟೆಯಿಂದ ಹೊರಟುಹೋದ. ಏಪ್ರಿಲ್ 27ಕ್ಕೆ ಕೋಟೆ ಮೊಘಲರ ವಶವಾಯಿತು. ಒಳಗೆ ನುಗ್ಗಿದ ಸೈನಿಕರಿಗೆ ಸಿಕ್ಕಿದ್ದು ಉರಿಯುತ್ತಿದ್ದ ಮನೆಗಳು ಮತ್ತು ಬರಿದಾದ ಗೋಡೆಗಳು. ಚಕ್ರವರ್ತಿ ಊರಿಗೆ ಹೊಸ ಹೆಸರಿಟ್ಟ. ಆ ಹೆಸರು ಇಂದು ಯಾರ ಬಾಯಲ್ಲೂ ಇಲ್ಲ, ಜನ ಈಗಲೂ ವಾಗಣಗೇರಾ ಎಂದೇ ಕರೆಯುತ್ತಾರೆ.

ಪ್ರಿಯರೇ, ಇಲ್ಲಿ ಸ್ವಲ್ಪ ನಿಲ್ಲೋಣ. ಒಬ್ಬನು ಕೋಟೆಯನ್ನು ಬಿಟ್ಟ, ಜನರನ್ನು ಉಳಿಸಿಕೊಂಡ. ಇನ್ನೊಬ್ಬನು ಕೋಟೆಯನ್ನು ಹಿಡಿದ, ಒಳಗೆ ಯಾರೂ ಇರಲಿಲ್ಲ. ಕೋಟೆ ಇರುವುದು ಜನರಿಗಾಗಿಯೇ ಹೊರತು ಜನರಿರುವುದು ಕೋಟೆಗಾಗಿ ಅಲ್ಲ ಎಂಬುದು ಪಿಡ್ಡನಾಯಕನಿಗೆ ಹೊಳೆದಿರಬೇಕು. ಮುಂದೆ ಸುರಪುರ ರಾಜಧಾನಿಯಾಯಿತು. ಅದೇ ಮನೆತನ 1858ರವರೆಗೆ, ಎಂದರೆ ಇನ್ನೂ ಒಂದೂವರೆ ಶತಮಾನ, ಈ ಸೀಮೆಯನ್ನು ಆಳಿತು.

ದೇವಾಪುರದ ಮಳೆಗಾಲ

ಗೆಲುವಿನ ನಂತರ ಮಳೆಗಾಲವನ್ನು ಕಳೆಯಲೆಂದು ಚಕ್ರವರ್ತಿ ದೇವಾಪುರಕ್ಕೆ ಬಂದ. ಇನ್ನು ಯಾವ ಕೋಟೆಗೂ ಅವನು ತಾನೇ ಮುತ್ತಿಗೆ ಹಾಕಲಿಲ್ಲ, ವಾಗಣಗೇರಾದ್ದೇ ಕೊನೆಯದಾಯಿತು. ದೇವಾಪುರದಲ್ಲಿ ಅವನಿಗೆ ಭಾರೀ ಕಾಯಿಲೆ ಬಂತು. ಕೈಕಾಲುಗಳಲ್ಲಿ ತಡೆಯಲಾರದ ನೋವು. ಆರಂಭದಲ್ಲಿ ಕಾಯಿಲೆಯನ್ನು ಅವನು ಲೆಕ್ಕಕ್ಕೇ ತೆಗೆದುಕೊಳ್ಳಲಿಲ್ಲ. ನೋವಿನಲ್ಲೇ ಕಾಗದಪತ್ರ ನೋಡಿದ, ಹುಕುಂ ಹೊರಡಿಸಿದ. ಕೊನೆಗೆ ದೇಹ ಮಾತು ಕೇಳಲಿಲ್ಲ, ಪ್ರಜ್ಞೆ ತಪ್ಪತೊಡಗಿತು. ಪಾಳೆಯದಲ್ಲಿ ಚಕ್ರವರ್ತಿ ತೀರಿಹೋದ ಎಂಬ ಸುದ್ದಿ ಹಬ್ಬಿತು. ಸುತ್ತಲೂ ವೈರಿಗಳ ನೆಲ, ನೂರಾರು ಹರಿದಾರಿ ದೂರದಲ್ಲಿ ಸ್ವಂತ ಊರು. ಈ ಮನುಷ್ಯ ಹೋದರೆ ನಮ್ಮ ಗತಿ ಏನು ಎಂದು ಸಾವಿರಾರು ಜನ ಬೆದರಿದರು.

ಈ ಭಯವನ್ನು ಗಮನಿಸಿ. ಎಲ್ಲ ದಾರಗಳ ತುದಿಯನ್ನೂ ಒಬ್ಬನೇ ಹಿಡಿದಾಗ ಅವನು ಬಿದ್ದರೆ ಎಲ್ಲವೂ ಬೀಳುತ್ತದೆ. ತಾನು ದುಡಿದು ಎಲ್ಲರನ್ನೂ ಕಾಪಾಡುತ್ತಿದ್ದೇನೆ ಎಂದು ಅವನು ನಂಬಿದ್ದ. ಆದರೆ ತಾನಿಲ್ಲದೆ ನಿಲ್ಲಲು ಯಾರಿಗೂ ಅವನು ಕಲಿಸಿರಲಿಲ್ಲ.

ಹತ್ತು ಹನ್ನೆರಡು ದಿನಗಳ ನಂತರ ಕಾಯಿಲೆ ಇಳಿಮುಖವಾಯಿತು. ಆದರೆ ಹಳೆಯ ಶಕ್ತಿ ಮರಳಲಿಲ್ಲ. ಅಕ್ಟೋಬರ್ 23ರಂದು ಪಾಳೆಯ ದೇವಾಪುರದಿಂದ ಎದ್ದಿತು. ಚಕ್ರವರ್ತಿಯನ್ನು ಪಲ್ಲಕ್ಕಿಯಲ್ಲಿ ಹೊತ್ತು ನಡೆದರು. 1706ರ ಜನವರಿಯಲ್ಲಿ ಅಹಮದ್‌ನಗರವನ್ನು ತಲುಪಿದಾಗ ಇದೇ ನನ್ನ ಪಯಣದ ಕೊನೆ ಎಂಬ ಅರ್ಥದ ಮಾತನ್ನು ಅವನು ಆಡಿದನೆಂದು ಇತಿಹಾಸಕಾರರು ಬರೆಯುತ್ತಾರೆ.

ಸಾಯುವ ಮುನ್ನ ಅವನು ಮಕ್ಕಳಿಗೆ ಬರೆದವು ಎನ್ನಲಾಗುವ ಪತ್ರಗಳು ಉಳಿದಿವೆ. ಒಂಟಿಯಾಗಿ ಬಂದೆ, ಅಪರಿಚಿತನಂತೆ ಹೋಗುತ್ತಿದ್ದೇನೆ, ಬರುವಾಗ ಏನೂ ತರಲಿಲ್ಲ, ಹೋಗುವಾಗ ಪಾಪದ ಹೊರೆಯನ್ನು ಹೊತ್ತು ಹೋಗುತ್ತಿದ್ದೇನೆ ಎಂಬುದು ಅವುಗಳ ತಾತ್ಪರ್ಯ. ಸಾಮ್ರಾಜ್ಯವನ್ನು ಮಕ್ಕಳು ಹಂಚಿಕೊಳ್ಳಲಿ ಎಂದು ಉಯಿಲನ್ನೂ ಬರೆದಿಟ್ಟನಂತೆ. ಆದರೆ ಬಾಳಿನುದ್ದಕ್ಕೂ ಸೆರೆ ಮತ್ತು ಖಡ್ಗವನ್ನು ಕಂಡ ಮಕ್ಕಳಿಗೆ ಒಂದು ಕಾಗದ ಏನು ಕಲಿಸೀತು? 1707ರ ಆರಂಭದಲ್ಲಿ ಒಂದು ಶುಕ್ರವಾರ, 88ರ ವಯಸ್ಸಿನಲ್ಲಿ, ಅವನು ಕಣ್ಣು ಮುಚ್ಚಿದ. ಅದೇ ಜೂನ್ ತಿಂಗಳಲ್ಲಿ ಆಗ್ರಾ ಬಳಿಯ ಜಾಜೌ ಕಾಳಗದಲ್ಲಿ ಮಗ ಆಜಂ ಅಣ್ಣನ ಸೈನ್ಯದ ಎದುರು ಹೋರಾಡುತ್ತ ಸತ್ತ. 1709ರ ಜನವರಿಯಲ್ಲಿ ಕಿರಿಯ ಮಗ ಕಾಮ್‌ಬಕ್ಷ್ ಹೈದರಾಬಾದಿನ ಬಳಿ ಅದೇ ಅಣ್ಣನ ಎದುರು ಯುದ್ಧದಲ್ಲಿ ಗಾಯಗೊಂಡು ತೀರಿಕೊಂಡ. ಚಕ್ರವರ್ತಿಯ ಸಮಾಧಿ ಖುಲ್ದಾಬಾದಿನಲ್ಲಿ, ಅವನೇ ಬಯಸಿದಂತೆ, ಗುಮ್ಮಟವಿಲ್ಲದೆ ಆಕಾಶಕ್ಕೆ ತೆರೆದುಕೊಂಡಿದೆ. ಬದುಕಿದ್ದಾಗ ಬಿಡಲಾರದ್ದನ್ನು ಆ ಬಡ ಸಮಾಧಿಯಲ್ಲಾದರೂ ಬಿಟ್ಟ ಎನ್ನೋಣ.

ಕಸಿದುಕೊಳ್ಳುವ ಮೊದಲು ಕೊಡುವುದು

ಯೊವಾನ್ನನ ಶುಭಸಂದೇಶದ 21ನೆಯ ಅಧ್ಯಾಯದಲ್ಲಿ ಪುನರುತ್ಥಾನರಾದ ಯೇಸುಸ್ವಾಮಿ ಸಂತ ಪೇತ್ರನಿಗೆ ಒಂದು ಮಾತು ಹೇಳುತ್ತಾರೆ. ಯೌವನದಲ್ಲಿ ನೀನೇ ನಡುಕಟ್ಟಿಕೊಂಡು ಬೇಕಾದ ಕಡೆಗೆ ಹೋಗುತ್ತಿದ್ದೆ, ಮುಪ್ಪಿನಲ್ಲಿ ಬೇರೊಬ್ಬನು ನಿನ್ನನ್ನು ಬಿಗಿದು, ನಿನಗೆ ಇಷ್ಟವಿಲ್ಲದ ಕಡೆಗೆ ಕರೆದೊಯ್ಯುತ್ತಾನೆ ಎಂಬುದು ಅದರ ಸಾರ. ದೇವಾಪುರದ ಪಲ್ಲಕ್ಕಿಯನ್ನು ನೆನೆದಾಗ ಈ ಮಾತು ಮನಸ್ಸಿಗೆ ಬರುತ್ತದೆ. ಚಕ್ರವರ್ತಿಗೂ ಹಾಗೇ ಆಯಿತು, ಪೇತ್ರನಿಗೂ ಹಾಗೇ ಆಯಿತು. ನಮಗೂ ಆಗುವುದು ಅದೇ. ಒಂದು ದಿನ ನಮ್ಮನ್ನೂ ನಾಲ್ಕು ಜನ ಹೊರುತ್ತಾರೆ.

ಹಾಗಾದರೆ ವ್ಯತ್ಯಾಸ ಎಲ್ಲಿ? ಒಬ್ಬನ ಕೈಯಿಂದ ಕಸಿದುಕೊಳ್ಳಲಾಯಿತು, ಇನ್ನೊಬ್ಬನು ತಾನೇ ಕೊಟ್ಟ. ಗೆತ್ಸೆಮನೆ ತೋಟದಲ್ಲಿ ಯೇಸು ತಮ್ಮ ಚಿತ್ತವನ್ನು ತಂದೆಯ ಕೈಗೆ ಒಪ್ಪಿಸಿದರು. ಒಪ್ಪಿಸುವ ಮೊದಲು ಬೆವರು ರಕ್ತದ ಹನಿಗಳಂತೆ ಸುರಿಯಿತು ಎನ್ನುತ್ತಾನೆ ಲೂಕ. ಬಿಡುವುದು ದೇವಪುತ್ರನಿಗೂ ಸುಲಭವಾಗಿರಲಿಲ್ಲ. ಆದರೆ ಒಪ್ಪಿಸಿ ಎದ್ದ ಮೇಲೆ ಅವರನ್ನು ನೋಡಿ! ಅಂದಿನ ರಾತ್ರಿ ಅಲ್ಲಿ ನಿಜವಾಗಿ ಸ್ವತಂತ್ರರಾಗಿದ್ದವರು ಅವರೊಬ್ಬರೇ. ಪಿಲಾತನಿಗೆ ಚಕ್ರವರ್ತಿಯ ಭಯ, ಯಾಜಕರಿಗೆ ಪದವಿಯ ಭಯ, ಶಿಷ್ಯರಿಗೆ ಪ್ರಾಣಭಯ. ಕಟ್ಟಿದ ಕೈಗಳ ಯೇಸುವಿಗೆ ಮಾತ್ರ ಯಾರ ಭಯವೂ ಇಲ್ಲ. ಕಳೆದುಕೊಳ್ಳಲು ಏನೂ ಉಳಿದಿರಲಿಲ್ಲ, ಎಲ್ಲವೂ ಆಗಲೇ ತಂದೆಯ ಕೈಯಲ್ಲಿತ್ತು. ಸಂತ ಪೌಲನು ಫಿಲಿಪ್ಪಿಯರಿಗೆ ಬರೆದ ಪತ್ರದಲ್ಲಿ ಹೇಳುವುದೂ ಇದನ್ನೇ. ದೇವರಿಗೆ ಸಮಾನವಾದ ಸ್ಥಾನವನ್ನೂ ಕ್ರಿಸ್ತರು ಬಿಗಿಹಿಡಿಯಲಿಲ್ಲ, ತಮ್ಮನ್ನೇ ಬರಿದು ಮಾಡಿಕೊಂಡರು. ಆದ್ದರಿಂದಲೇ ದೇವರು ಅವರನ್ನು ಮೇಲಕ್ಕೇರಿಸಿದರು.

ಧರ್ಮಸಭೆಯೂ ಕಲಿತ ಪಾಠ

ಈ ಪಾಠವನ್ನು ಧರ್ಮಸಭೆಯೂ ಕಷ್ಟಪಟ್ಟೇ ಕಲಿಯಿತು. ಸಾವಿರಕ್ಕೂ ಹೆಚ್ಚು ವರ್ಷ ಪೋಪ್ ಜಗದ್ಗುರುಗಳು ಇಟಲಿಯ ನಡುಭಾಗದಲ್ಲಿ ರಾಜ್ಯವನ್ನು ಆಳಿದರು. 1870ರ ಸೆಪ್ಟೆಂಬರ್ 20ರಂದು ಇಟಲಿಯ ಸೈನ್ಯ ರೋಮ್ ನಗರವನ್ನು ಹಿಡಿಯಿತು. ಇದನ್ನು ದುರಂತವೆಂದೇ ಅಂದಿನ ಹಲವರು ಭಾವಿಸಿದರು. ಮುಂದಿನ 59 ವರ್ಷ ಜಗದ್ಗುರುಗಳು ತಮ್ಮನ್ನು ಸೆರೆಯಾಳುಗಳೆಂದು ಬಗೆದು ವ್ಯಾಟಿಕನ್ ಆವರಣವನ್ನು ಬಿಟ್ಟು ಹೊರಗೆ ಕಾಲಿಡಲಿಲ್ಲ.

1925ರ ಡಿಸೆಂಬರ್ 11ರಂದು ಕ್ರಿಸ್ತರಾಜರ ಹಬ್ಬವನ್ನು ಸ್ಥಾಪಿಸಿದ ಹನ್ನೊಂದನೆಯ ಪಯಸ್ ಜಗದ್ಗುರುಗಳಿಗೆ ಆಗ ಸ್ವಂತ ರಾಜ್ಯವೇ ಇರಲಿಲ್ಲ! ಮೊದಲ ಮಹಾಯುದ್ಧದಲ್ಲಿ ಯೂರೋಪಿನ ಎಷ್ಟೋ ಕಿರೀಟಗಳು ಮಣ್ಣು ಸೇರಿದ್ದವು. ಸರ್ವಾಧಿಕಾರಿಗಳು ತಲೆಯೆತ್ತುತ್ತಿದ್ದರು. ಅಂಥ ಹೊತ್ತಿನಲ್ಲಿ, ಯಾವ ಅರಸನೂ ಕೊನೆಯ ಅರಸನಲ್ಲ, ಕ್ರಿಸ್ತರೇ ಅರಸರು ಎಂದು ಅವರು ಸಾರಿದರು. 1929ರ ಲ್ಯಾಟರನ್ ಒಪ್ಪಂದದಲ್ಲಿ ದೊರೆತದ್ದು 44 ಹೆಕ್ಟೇರ್, ಎಂದರೆ ನಮ್ಮ ಲೆಕ್ಕದಲ್ಲಿ ಸುಮಾರು 110 ಎಕರೆ. ರಾಜ್ಯ ಹೋಯಿತು, ಆದರೆ ಯಾವ ದೇಶದ ಅರಸನಿಗೂ ಅಂಜದೆ ಬಡವರ ಪರ, ಶಾಂತಿಯ ಪರ ಮಾತಾಡುವ ಸ್ವಾತಂತ್ರ್ಯ ಬಂತು.

2013ರ ಫೆಬ್ರವರಿ 11, ಲೂರ್ದು ಮಾತೆಯ ಹಬ್ಬದ ದಿನ, ಹದಿನಾರನೆಯ ಬೆನೆಡಿಕ್ಟ್ ಜಗದ್ಗುರುಗಳು ತಮ್ಮ ಶಕ್ತಿ ಸಾಲದೆಂದು ಹೇಳಿ ಪೀಠವನ್ನು ಬಿಡುವುದಾಗಿ ಪ್ರಕಟಿಸಿದರು. ಆಗ ಅವರಿಗೆ 85 ವರ್ಷ, ದೇವಾಪುರದ ಚಕ್ರವರ್ತಿಗಿಂತ ಒಂದೇ ವರ್ಷ ಕಡಿಮೆ. ಸುಮಾರು ಆರುನೂರು ವರ್ಷಗಳಲ್ಲಿ ಯಾವ ಜಗದ್ಗುರುವೂ ಹೀಗೆ ಮಾಡಿರಲಿಲ್ಲ. 2022ರ ಡಿಸೆಂಬರ್ 31ರಂದು ಪ್ರಭುವನ್ನು ಸೇರುವವರೆಗೆ ಹೆಚ್ಚಾಗಿ ಪ್ರಾರ್ಥನೆಯಲ್ಲೇ ದಿನ ಕಳೆದರು. ಧರ್ಮಸಭೆ ನಿಲ್ಲಲಿಲ್ಲ, ನಡೆಯಿತು. ಅದನ್ನು ನಡೆಸುವವರು ಬೇರೆ ಒಬ್ಬರಿದ್ದಾರೆ ಎಂಬ ನಂಬಿಕೆ ಅವರಿಗಿತ್ತು.

ದೂರದ ರೋಮ್ ಏಕೆ, ಪಕ್ಕದ ರಾಯಚೂರು ಜಿಲ್ಲೆಯ ಮುದಗಲ್ಲನ್ನೇ ನೋಡಿ. ಆ ಕೋಟೆಗಾಗಿ ಬಹಮನಿ ಮತ್ತು ವಿಜಯನಗರದ ಅರಸರು ಮತ್ತೆಮತ್ತೆ ಕಾದಾಡಿದರು. ಆದಿಲಶಾಹಿಗಳು ಬಂದರು, ಮೊಘಲರು ಬಂದರು, ನಿಜಾಮರು ಬಂದರು. ಎಲ್ಲರೂ ಹೋದರು. ಆದಿಲಶಾಹಿ ಕಾಲದಿಂದ ಅಲ್ಲಿರುವ ಕಥೋಲಿಕ ಸಮುದಾಯದ ಕೈಯಲ್ಲಿ ಯಾವ ಕೋಟೆಯೂ ಇರಲಿಲ್ಲ. ಅದು ಇಂದಿಗೂ ಅಲ್ಲೇ ಪೂಜೆಗೆ ಸೇರುತ್ತದೆ.

ನಮ್ಮ ಮನೆಗಳ ಕೋಟೆಗಳು

ನಮಗೆ ಸಾಮ್ರಾಜ್ಯವಿಲ್ಲ. ಆದರೆ ಪ್ರತಿ ಮನೆಯಲ್ಲೂ ಒಂದು ಚಿಕ್ಕ ವಾಗಣಗೇರಾ ಇರುತ್ತದೆ. ಎಪ್ಪತ್ತು ದಾಟಿದರೂ ಪಹಣಿಯ ಕಾಗದ ಮತ್ತು ಟ್ರಂಕಿನ ಕೀಲಿಯನ್ನು ತಲೆದಿಂಬಿನ ಕೆಳಗೇ ಇಡುವ ಅಪ್ಪ ಇದ್ದಾನೆ. ಯಾರಿಗೆ ಎಷ್ಟು ಎಂಬ ಮಾತನ್ನು ಅವನು ಬದುಕಿರುವಾಗ ಆಡಲು ಬಿಡುವುದಿಲ್ಲ. ಅವನ ಮಣ್ಣಾಗಿ ತಿಂಗಳೊಳಗೆ ಅಣ್ಣತಮ್ಮಂದಿರು ಕೋರ್ಟು ಹತ್ತುತ್ತಾರೆ. ಜಾಜೌ ಕಾಳಗ ನಡೆದದ್ದೂ ಹೀಗೆಯೇ ಅಲ್ಲವೇ? ಸೊಸೆ ಬಂದು ಹತ್ತು ವರ್ಷವಾದರೂ ಒಲೆಯ ಮುಂದಿನ ಜಾಗ ಬಿಡದ ಅತ್ತೆ ಇದ್ದಾಳೆ. ರೊಟ್ಟಿಗೆ ಎಷ್ಟು ಹಿಟ್ಟು ಎಂಬುದನ್ನೂ ಅವಳೇ ಹೇಳಬೇಕು. ಮಗ ಪಿಯುಸಿಯಲ್ಲಿ ಸೈನ್ಸನ್ನೇ ಓದಬೇಕು, ಮಗಳು ತಾವು ಹೇಳಿದ ಕಡೆಗೇ ಮದುವೆಯಾಗಬೇಕು ಎಂದು ಹಟ ಹಿಡಿಯುವ ತಂದೆತಾಯಿ ಇದ್ದಾರೆ. ದುಡಿಯಲೆಂದು ಬೆಂಗಳೂರಿಗೆ ಹೋದ ಮಗನಿಗೆ ದಿನಕ್ಕೆ ಹತ್ತು ಸಲ ಫೋನು ಮಾಡಿ, ಅವನು ಎತ್ತದಿದ್ದರೆ ಊಟ ಬಿಡುವ ತಾಯಿ ಇದ್ದಾಳೆ. ಸಂಘದ ಕುರ್ಚಿಯನ್ನು ಇಪ್ಪತ್ತು ವರ್ಷದಿಂದ ಬಿಡದ ಹಿರಿಯರೂ ನಮ್ಮ ಧರ್ಮಕೇಂದ್ರಗಳಲ್ಲಿದ್ದಾರೆ.

ನಾವು ಗುರುಗಳು ಇದಕ್ಕೆ ಹೊರತಲ್ಲ. ಕೆಲವು ವರ್ಷಕ್ಕೊಮ್ಮೆ ಧರ್ಮಾಧ್ಯಕ್ಷರಿಂದ ವರ್ಗಾವಣೆಯ ಪತ್ರ ಬರುತ್ತದೆ. ನಾವು ಕಟ್ಟಿಸಿದ ಕಟ್ಟಡ, ನಾವು ನೆಟ್ಟ ಗಿಡ, ನಾವು ಜ್ಞಾನಸ್ನಾನ ಕೊಟ್ಟ ಮಕ್ಕಳು ಎಲ್ಲವನ್ನೂ ಬಿಟ್ಟು, ಕೀಲಿ ಮತ್ತು ದಫ್ತರಗಳನ್ನು ಬಂದವರ ಕೈಗೆ ಕೊಟ್ಟು ಹೊರಡಬೇಕು. ಹೊಸಬರು ಗಿಡವನ್ನು ಕಡಿಸಿಯಾರು, ಕಟ್ಟಡಕ್ಕೆ ಬೇರೆ ಬಣ್ಣ ಹೊಡೆಸಿಯಾರು. ಆದರೂ ಕೊಟ್ಟು ಹೊರಡುವುದರಲ್ಲಿ ಒಂದು ಹಗುರವಿದೆ. ಈ ಮಂದೆ ನನ್ನದಲ್ಲ, ಒಳ್ಳೆಯ ಕುರುಬನದು ಎಂಬುದು ಆಗ ತಿಳಿಯುತ್ತದೆ.

ಕೃಷ್ಣೆಗೆ ನೆರೆ ಬಂದಾಗ ನಾರಾಯಣಪುರದ ಬಸವಸಾಗರದಲ್ಲಿ ಗೇಟುಗಳನ್ನು ಎತ್ತಿ ನೀರು ಬಿಡುತ್ತಾರೆ. ನೀರು ಅಮೂಲ್ಯವೆಂದು ಎಲ್ಲವನ್ನೂ ಹಿಡಿದಿಟ್ಟರೆ ಅಣೆಕಟ್ಟಿಗೇ ಅಪಾಯ. ಸುರಪುರ, ಶಹಾಪುರದ ಹೊಲಗದ್ದೆಗಳು ಹಸಿರಾಗುವುದೂ ಕಾಲುವೆಗೆ ಬಿಟ್ಟ ನೀರಿನಿಂದಲೇ. ಇದೇ ಸೀಮೆಯ ಮುದನೂರಿನ ದೇವರ ದಾಸಿಮಯ್ಯನೂ ಹೊಲದ ಬೆಳೆಯಿಂದ ಹಿಡಿದು ಬೀಸುವ ಗಾಳಿಯವರೆಗೆ ಯಾವುದೂ ನಮ್ಮ ಗಳಿಕೆಯಲ್ಲ, ದೇವರ ಕೊಡುಗೆ ಎಂದು ಸಾರಿದ. ಕೊಡುಗೆಯಾಗಿ ಬಂದದ್ದನ್ನು ಬಿಗಿಹಿಡಿಯುವ ಹಕ್ಕು ನಮಗೆಲ್ಲಿದೆ?

ಬಿಡುವುದೆಂದರೆ ಏನಲ್ಲ

ಆದರೆ ಈ ಮಾತನ್ನು ತಪ್ಪಾಗಿ ತಿಳಿಯಬಾರದು. ಹಿಡಿತವನ್ನು ಬಿಡುವುದೆಂದರೆ ಹೊಣೆಯನ್ನು ಬಿಡುವುದಲ್ಲ. ಪಿಡ್ಡನಾಯಕನು ಎರಡೂವರೆ ತಿಂಗಳು ಹೋರಾಡಿ, ಆಮೇಲೆ ಕೋಟೆಯನ್ನು ಬಿಟ್ಟ. ಬಿಡುವಾಗಲೂ ಜನರನ್ನು ಕೈಬಿಡಲಿಲ್ಲ. ರೈತ ಬಿತ್ತಬೇಕು, ಕಳೆ ಕೀಳಬೇಕು, ಮಳೆಯನ್ನು ಮಾತ್ರ ದೇವರಿಗೆ ಬಿಡಬೇಕು. ತಾಯಿ ಮಗನಿಗೆ ಬುದ್ಧಿ ಹೇಳಬೇಕು, ಅವನ ನಾಳೆಯನ್ನು ಮಾತ್ರ ಪ್ರಭುವಿಗೆ ಒಪ್ಪಿಸಬೇಕು.

ಇನ್ನೊಂದು ಮಾತು. ಗಂಡನ ಹೊಡೆತವನ್ನು ತಿನ್ನುವ ಸಹೋದರಿಗೆ, ಎಲ್ಲವನ್ನೂ ದೇವರಿಗೆ ಬಿಡಮ್ಮ, ಸಹಿಸಿಕೊ ಎಂದು ಹೇಳುವುದು ಶುಭಸಂದೇಶವಲ್ಲ. ಬಡವನ ಹೊಲವನ್ನು ಒತ್ತುವರಿ ಮಾಡಿದವನು ಅವನಿಗೇ ತ್ಯಾಗದ ಉಪದೇಶ ಮಾಡುವುದೂ ಶುಭಸಂದೇಶವಲ್ಲ. ಅಲ್ಲಿ ಹಿಡಿತವನ್ನು ಬಿಡಬೇಕಾದವನು ಹೊಡೆಯುವವನು, ಕಸಿಯುವವನು. ಕ್ರಿಸ್ತರಾಜರು ಬಿಟ್ಟುಕೊಟ್ಟದ್ದು ತಮ್ಮದನ್ನು. ಇನ್ನೊಬ್ಬರ ಪ್ರಾಣವನ್ನಾಗಲಿ ಮಾನವನ್ನಾಗಲಿ ಅವರು ಬಿಟ್ಟುಕೊಡಲಿಲ್ಲ. ತಮ್ಮನ್ನು ಹಿಡಿಯಲು ಬಂದವರಿಗೆ, ನನ್ನ ಶಿಷ್ಯರನ್ನು ಹೋಗಲು ಬಿಡಿ ಎಂಬ ಅರ್ಥದಲ್ಲಿ ಅವರು ಹೇಳಿದ್ದನ್ನು ಯೊವಾನ್ನನು ಮರೆಯದೆ ಬರೆದಿದ್ದಾನೆ.

ಆದ್ದರಿಂದ ಪ್ರಿಯರೇ, ಈ ಹಬ್ಬದಂದು ಪರಮಪ್ರಸಾದಕ್ಕೆ ಬರುವಾಗ ನಮ್ಮ ಕೈಗಳನ್ನೊಮ್ಮೆ ನೋಡಿಕೊಳ್ಳೋಣ. ಮುಷ್ಟಿ ಬಿಗಿದವನ ಕೈಯಲ್ಲಿ ಗುರುಗಳು ಪ್ರಭುವಿನ ಶರೀರವನ್ನು ಇಡಲಾರರು. ಕೈ ಬಿಚ್ಚಿದರೆ ಮಾತ್ರ ಇಡಬಹುದು. ಮನೆಗೆ ಹೋದ ಮೇಲೆ ಒಂದು ಕೆಲಸ ಮಾಡೋಣ. ಕೀಲಿಯೋ, ಹೊಲದ ಹಂಚಿಕೆಯೋ, ಮಗಳ ಮದುವೆಯ ತೀರ್ಮಾನವೋ, ಸಂಘದ ಸ್ಥಾನವೋ, ನಾವು ಬಿಗಿಹಿಡಿದ ಒಂದೇ ಒಂದನ್ನು ಆರಿಸಿ, ಆಗಮನ ಕಾಲ ಆರಂಭವಾಗುವ ಮೊದಲು ಮನೆಯವರನ್ನು ಕೂರಿಸಿಕೊಂಡು ಆ ಬಗ್ಗೆ ಮಾತಾಡೋಣ.

ಪ್ರಾರ್ಥಿಸೋಣ: ಓ ಕ್ರಿಸ್ತರಾಜರೇ, ಶಿಲುಬೆಯ ಮೇಲೆ ನೀವು ಚಾಚಿದ ಕೈಗಳನ್ನು ನೋಡಿ ನಮ್ಮ ಮುಷ್ಟಿಗಳು ಸಡಿಲಲಿ. ದೇವಾಪುರದ ಪಲ್ಲಕ್ಕಿ ನಮ್ಮ ಬಾಗಿಲಿಗೂ ಬರುವ ಮೊದಲು, ನಿಮ್ಮದನ್ನು ನಿಮಗೆ ಒಪ್ಪಿಸುವ ಧೈರ್ಯವನ್ನು ನಮಗೆ ಕೊಡಿ. ನಮ್ಮ ಮಕ್ಕಳನ್ನು, ನಮ್ಮ ಹೊಲಗಳನ್ನು, ನಮ್ಮ ನಾಳೆಗಳನ್ನು ನಿಮ್ಮ ಕೈಯಲ್ಲಿಡುತ್ತೇವೆ. ಆಮೆನ್.